ಎರಡನೇ ನಿಕಾಹ್ ಕ್ರೌರ್ಯವಾಗುವುದು ಯಾವಾಗ: ಕಲಬುರಗಿ ಪೀಠದ 2020ರ ತೀರ್ಪಿನ ಅಧ್ಯಯನ

ಗಂಡ ಮೇಲ್ಮನವಿಯಲ್ಲಿ ಹೇಳಿಕೊಂಡದ್ದು ಮೂರು ಮಾತು. ಮೊದಲ ಹೆಂಡತಿಯ ಮೇಲೆ ತನಗೆ ಈಗಲೂ ಪ್ರೀತಿಯಿದೆ. ಎರಡನೇ ಮದುವೆ ತನ್ನ ಇಷ್ಟದ್ದಲ್ಲ, ರಾಜಕೀಯವಾಗಿ ಬಲಾಢ್ಯರಾದ ಹೆತ್ತವರ ಒತ್ತಾಯದ್ದು. ಜೊತೆಗೆ, ಒಂದಕ್ಕಿಂತ ಹೆಚ್ಚು ಮದುವೆಗೆ ಷರೀಯತ್ತೇ ಅವಕಾಶ ಕೊಟ್ಟಿರುವಾಗ ಮತ್ತೊಬ್ಬಳ ಕೈಹಿಡಿದದ್ದನ್ನೇ ಕ್ರೌರ್ಯವೆನ್ನಲಾಗದು. ಕರ್ನಾಟಕ ಹೈಕೋರ್ಟಿನ ಕಲಬುರಗಿ ಪೀಠದಲ್ಲಿ ನ್ಯಾಯಮೂರ್ತಿಗಳಾದ ಕೃಷ್ಣ ಎಸ್. ದೀಕ್ಷಿತ್ ಮತ್ತು ಪಿ. ಕೃಷ್ಣ ಭಟ್ 2020ರ ಆಗಸ್ಟ್‌ನಲ್ಲಿ ಈ ಮೇಲ್ಮನವಿಯನ್ನು ವಜಾ ಮಾಡಿದರು. ವಿಜಯಪುರದ ಕೆಳ ನ್ಯಾಯಾಲಯ ಹೆಂಡತಿಗೆ ಕೊಟ್ಟಿದ್ದ ವಿಚ್ಛೇದನದ ಡಿಕ್ರಿ ಉಳಿಯಿತು.

ಪ್ರೀತಿಯ ಮಾತು, ಹೆತ್ತವರ ಒತ್ತಡದ ಮಾತು ಯಾವ ಕೌಟುಂಬಿಕ ನ್ಯಾಯಾಲಯಕ್ಕೂ ಹೊಸದಲ್ಲ. ತೂಕವಿದ್ದದ್ದು ಮೂರನೆಯದಕ್ಕೆ. ಅದಕ್ಕೆ ಸಿಕ್ಕ ಉತ್ತರವೇ ಈ ಪ್ರಕರಣವನ್ನು ಓದಲು ಕಾರಣ.

ಸಂಗತಿ ಸರಳ. 2014ರ ಜುಲೈನಲ್ಲಿ ಬೆಂಗಳೂರಿನಲ್ಲಿ ನಿಕಾಹ್. ಸ್ವಲ್ಪ ದಿನಕ್ಕೇ ಸಂಸಾರ ಕೆಟ್ಟಿತು. ಗಂಡನ ಮನೆಯಲ್ಲಿ ಬೈಗುಳ, ಹೊಡೆತ ಇತ್ತೆಂದೂ ಗಂಡ ಇನ್ನೊಬ್ಬಳನ್ನು ಮದುವೆಯಾಗಿ ಅವಳಿಂದ ಮಗುವನ್ನೂ ಪಡೆದಿದ್ದಾನೆಂದೂ ಹೆಂಡತಿ ದೂರಿ, ಕ್ರೌರ್ಯದ ಕಾರಣಕ್ಕೆ ಮದುವೆಯನ್ನು ರದ್ದುಪಡಿಸುವಂತೆ ಕೇಳಿದಳು. ಎರಡನೇ ಮದುವೆಯನ್ನು ಗಂಡ ಅಲ್ಲಗಳೆಯಲಿಲ್ಲ, ಸಮರ್ಥಿಸಿಕೊಂಡ. ಹಾಗಾಗಿ ಇಂಥ ವ್ಯಾಜ್ಯಗಳಲ್ಲಿ ಹೆಣ್ಣಿನ ಕಡೆಯವರನ್ನು ಸುಸ್ತುಮಾಡುವ ಕೆಲಸ, ಎಂದರೆ ಆ ಮದುವೆ ನಡೆದೇ ಇದೆ ಎಂದು ರುಜುವಾತು ಮಾಡುವುದು, ಇಲ್ಲಿ ಬೇಕಾಗಲಿಲ್ಲ. ಈ ಅನುಕೂಲ ಎಲ್ಲರಿಗೂ ಇರುವುದಿಲ್ಲ. ಆ ವಿಷಯ ಮುಂದೆ ಬರುತ್ತದೆ.

ಕಾನೂನು ಏನು ಹೇಳುತ್ತದೆ

ಮುಸ್ಲಿಂ ಹೆಣ್ಣು ಕೋರ್ಟಿನ ಮೂಲಕ ವಿಚ್ಛೇದನ ಪಡೆಯುವ ದಾರಿ 1939ರ ಮುಸ್ಲಿಂ ವಿವಾಹ ವಿಸರ್ಜನಾ ಕಾಯ್ದೆ. ಫಿಖ್ಹ್‌ನ, ಎಂದರೆ ಇಸ್ಲಾಮಿ ನ್ಯಾಯಶಾಸ್ತ್ರದ ಮಾತಿನಲ್ಲಿ ಇದು ಫಸ್ಖ್, ನ್ಯಾಯಾಧೀಶರೇ ಮದುವೆಯನ್ನು ರದ್ದುಪಡಿಸುವುದು. ಅದಕ್ಕೂ ಮೊದಲು ಭಾರತದಲ್ಲಿ ಚಾಲ್ತಿಯಲ್ಲಿದ್ದ ಹನಫಿ ಮತದ (ಸುನ್ನಿ ನ್ಯಾಯಪಂಥಗಳಲ್ಲೊಂದು) ಪ್ರಕಾರ, ಗಂಡ ಹೊಡೆದರೂ ಬಿಟ್ಟುಹೋದರೂ ಊಟಕ್ಕೆ ಕೊಡದಿದ್ದರೂ ಹೆಂಡತಿಗೆ ಬಿಡುಗಡೆಯ ಬಾಗಿಲು ಬಹುಮಟ್ಟಿಗೆ ಮುಚ್ಚಿತ್ತು. ಇನ್ನೊಂದು ಪಂಥವಾದ ಮಾಲಿಕಿ ಮತ ಈ ವಿಷಯದಲ್ಲಿ ಉದಾರವಾಗಿತ್ತು. ತೀರಾ ಕಷ್ಟದ ಸಂದರ್ಭದಲ್ಲಿ ಇನ್ನೊಂದು ಮತದ ನಿಯಮವನ್ನು ಎತ್ತಿಕೊಳ್ಳಬಹುದೆಂದು ಹನಫಿ ಉಲೇಮಾಗಳೇ (ಧರ್ಮವಿದ್ವಾಂಸರೇ) ಒಪ್ಪಿದ್ದರಿಂದ ಈ ಕಾಯ್ದೆ ಹುಟ್ಟಿತು. ‘ಇದು ಷರೀಯತ್ತಿನ ಮೇಲೆ ಬ್ರಿಟಿಷರು ಹೇರಿದ ಕಾನೂನು’ ಎಂಬ ವಾದ ಇಂದಿಗೂ ಕೇಳಿಬರುತ್ತದೆ, ಆದರೆ ಚರಿತ್ರೆ ಹಾಗಿಲ್ಲ.

ಕಾಯ್ದೆಯ 2ನೇ ಕಲಮಿನಲ್ಲಿ ಒಂಬತ್ತು ಕಾರಣಗಳಿವೆ. ನಾಲ್ಕು ವರ್ಷ ಗಂಡನ ಸುಳಿವಿಲ್ಲದಿರುವುದು, ಎರಡು ವರ್ಷ ಜೀವನಾಂಶ ಕೊಡದಿರುವುದು, ಏಳು ವರ್ಷ ಅಥವಾ ಅದಕ್ಕಿಂತ ಹೆಚ್ಚಿನ ಜೈಲು ಶಿಕ್ಷೆ, ಮೂರು ವರ್ಷ ದಾಂಪತ್ಯದ ಹೊಣೆ ನಡೆಸದಿರುವುದು ಇತ್ಯಾದಿ. ಎಂಟನೆಯದು ಕ್ರೌರ್ಯ. ಅದರೊಳಗೆ ಆರು ಉಪವಿಧಿಗಳು:

ಎ: ಪದೇ ಪದೇ ಹೊಡೆಯುವುದು, ಅಥವಾ ದೈಹಿಕ ಹಿಂಸೆಯಲ್ಲದಿದ್ದರೂ ತನ್ನ ಕ್ರೂರ ನಡತೆಯಿಂದ ಅವಳ ಬದುಕನ್ನು ದುಃಖಮಯ ಮಾಡುವುದು.
ಬಿ: ಕೆಟ್ಟ ಹೆಸರಿನ ಹೆಂಗಸರ ಸಹವಾಸ ಅಥವಾ ಕುಖ್ಯಾತ ಜೀವನ.
ಸಿ: ಅವಳನ್ನು ಅನೈತಿಕ ಬದುಕಿಗೆ ದೂಡಲು ಯತ್ನಿಸುವುದು.
ಡಿ: ಅವಳ ಆಸ್ತಿಯನ್ನು ಪರಭಾರೆ ಮಾಡುವುದು ಅಥವಾ ಅದರ ಮೇಲಿನ ಹಕ್ಕು ಚಲಾಯಿಸದಂತೆ ತಡೆಯುವುದು.
ಇ: ಅವಳ ಧಾರ್ಮಿಕ ಆಚರಣೆಗೆ ಅಡ್ಡಿಮಾಡುವುದು.
ಎಫ್: ಒಬ್ಬಳಿಗಿಂತ ಹೆಚ್ಚು ಹೆಂಡಿರಿದ್ದಾಗ ಕುರಾನಿನ ಆದೇಶದಂತೆ ಅವಳನ್ನು ನ್ಯಾಯವಾಗಿ ನಡೆಸಿಕೊಳ್ಳದಿರುವುದು.

ಆಸ್ತಿಯ ಡಿ ಉಪವಿಧಿ ಕಡೆಗಣಿಸಲ್ಪಟ್ಟದ್ದು. ತವರಿನಿಂದ ತಂದ ಬಂಗಾರವನ್ನು ಗಂಡ ಕೇಳದೆ ಮಾರಿಬಿಟ್ಟರೆ ಅದನ್ನು ಹೆಚ್ಚಿನವರು ಹೊಡೆತ-ಬೈಗುಳದ ಪಟ್ಟಿಯ ಬಾಲಕ್ಕೆ ಸೇರಿಸುತ್ತಾರೆ. ಅದು ಪ್ರತ್ಯೇಕವಾಗಿಯೇ ನಿಲ್ಲುವ ಕಾರಣ, ಮತ್ತು ಅಂಗಡಿಯ ರಸೀದಿ, ಬ್ಯಾಂಕಿನ ಅಡವು ಚೀಟಿ ಇದ್ದರೆ ಹೊಡೆತಕ್ಕಿಂತ ಸುಲಭವಾಗಿ ರುಜುವಾತಾಗುವ ಕಾರಣ.

ಎ ಉಪವಿಧಿಯನ್ನು ಎರಡು ಭಾಗವಾಗಿ ಓದಬೇಕು. ಹೊಡೆತಕ್ಕೆ ‘ಪದೇ ಪದೇ’ ಎಂಬ ಷರತ್ತಿದೆ, ಆದ್ದರಿಂದ ಒಂದೇ ಒಂದು ಘಟನೆ ಹಿಡಿದುಕೊಂಡು ಹೋದರೆ ಈ ಭಾಗ ಸೋಲುತ್ತದೆ. ಬದುಕನ್ನು ದುಃಖಮಯ ಮಾಡುವ ನಡತೆ ಎಂಬ ಎರಡನೇ ಭಾಗಕ್ಕೆ ಆ ಷರತ್ತಿಲ್ಲ, ಮೈಮೇಲೆ ಗಾಯವೂ ಬೇಕಿಲ್ಲ. ಬ್ರಿಟಿಷರ ಕಾಲದಲ್ಲಿ ಕೊನೆಯ ಮೇಲ್ಮನವಿ ಕೇಳುತ್ತಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲಿನ 1867ರ ತೀರ್ಪೊಂದು, ಕ್ರೌರ್ಯವೆಂದರೆ ಆರೋಗ್ಯಕ್ಕೋ ಜೀವಕ್ಕೋ ಅಪಾಯ ತರುವ ಹಿಂಸೆ ಅಥವಾ ಅಂಥ ಹಿಂಸೆಯ ಸಕಾರಣ ಭಯ ಎಂಬ ಇಂಗ್ಲಿಷ್ ಅಳತೆಗೋಲನ್ನು ಮುಸ್ಲಿಂ ಮದುವೆಗೂ ಹಚ್ಚಿತ್ತು. 1939ರ ಕಾಯ್ದೆ ಆ ಅಳತೆಗೋಲನ್ನು ದಾಟಿ ಬಂದಿದೆ. ಕಲಬುರಗಿಯ ಪ್ರಕರಣ ಗೆದ್ದದ್ದು ಈ ಎರಡನೇ ಭಾಗದ ವಿಸ್ತಾರದಲ್ಲಿ.

ಗೊರಕೆಯ ಹೋಲಿಕೆ

ಕರ್ನಾಟಕದಲ್ಲಿ ಎರಡನೇ ಮದುವೆ ಮುಸ್ಲಿಂ ಗಂಡಸಿಗೆ ಅಪರಾಧವಲ್ಲ. ಮೊದಲ ಮದುವೆ ಇರುವಾಗ ಎರಡನೆಯದು ಅಸಿಂಧುವಾಗುವ ಕಡೆ ಮಾತ್ರ ದ್ವಿವಿವಾಹದ ಅಪರಾಧ ಹುಟ್ಟುತ್ತದೆ. ಮುಸ್ಲಿಂ ಕಾನೂನಿನಲ್ಲಿ ಅದು ಸಿಂಧು. ಹಾಗಾದರೆ ಸಿಂಧುವಾದ ಕೆಲಸ ಮಾಡಿದವನನ್ನು ಕ್ರೂರಿ ಎನ್ನುವುದು ಹೇಗೆ?

ಪೀಠದ ಉತ್ತರ: ಒಂದು ಕೆಲಸ ಕಾನೂನುಬದ್ಧ ಎಂದ ಮಾತ್ರಕ್ಕೆ ಅದು ದಾಂಪತ್ಯದಲ್ಲಿ ಸಮರ್ಥನೀಯವಾಗುವುದಿಲ್ಲ. ಬೀಡಿ ಸೇದುವುದು, ಕುಡಿಯುವುದು ಕಾನೂನಿಗೆ ಬಹುಮಟ್ಟಿಗೆ ವಿರುದ್ಧವಲ್ಲ. ಗೊರಕೆ ಹೊಡೆಯುವುದಂತೂ ಯಾವ ಕಾನೂನಿಗೂ ವಿರುದ್ಧವಲ್ಲ. ಆದರೂ ಕೆಲವು ಸಂದರ್ಭದಲ್ಲಿ ಸೂಕ್ಷ್ಮ ಮನಸ್ಸಿನ ಸಂಗಾತಿಗೆ ಅವು ಕ್ರೌರ್ಯವಾಗಬಹುದು. ಅದೇ ರೀತಿ ಎರಡನೇ ಮದುವೆ ಕಾನೂನುಬದ್ಧವೇ ಆದರೂ ಬಹಳಷ್ಟು ಸಲ ಮೊದಲ ಹೆಂಡತಿಗೆ ಅಪಾರ ಕ್ರೌರ್ಯವಾಗುತ್ತದೆ, ವಿಚ್ಛೇದನ ಕೇಳಲು ಅದು ಸಾಕು.

ಸವತಿಯನ್ನು ಗೊರಕೆಯ ಪಕ್ಕದಲ್ಲಿ ಕೂರಿಸಿದ್ದು ಕೆಲವರಿಗೆ ಹಗುರವೆನಿಸಿತು. ತರ್ಕ ಮಾತ್ರ ಹಗುರವಲ್ಲ. ಎರಡನೇ ಮದುವೆ ಊರ್ಜಿತವೇ ಎಂಬುದು ಗಂಡ ಮತ್ತು ಎರಡನೇ ಹೆಂಡತಿಯ ನಡುವಿನ ಪ್ರಶ್ನೆ. ಅದರಿಂದ ಮೊದಲನೆಯವಳ ಬದುಕು ಏನಾಯಿತು ಎಂಬುದು ಬೇರೆಯೇ ಪ್ರಶ್ನೆ, ಮತ್ತು 1939ರ ಕಾಯ್ದೆ ಕೇಳುವುದು ಇದನ್ನು. ಗಂಡನ ಪರ ವಾದ ಎಡವಿದ್ದು ಮೊದಲನೆಯ ಪ್ರಶ್ನೆಯ ಉತ್ತರವನ್ನು ಎರಡನೆಯದಕ್ಕೆ ಕೊಟ್ಟದ್ದರಿಂದ.

ಆದರೆ ‘ಬಹಳಷ್ಟು ಸಲ’ ಎಂಬ ಮಾತನ್ನು ಬಿಟ್ಟು ಓದಬಾರದು. ಎರಡನೇ ಮದುವೆಯಾದರೆ ಮೊದಲನೆಯವಳಿಗೆ ತಾನಾಗಿ ವಿಚ್ಛೇದನ ಸಿಗುತ್ತದೆ ಎಂದು ತೀರ್ಪು ಹೇಳಿಲ್ಲ. ಪತ್ರಿಕೆಗಳ ತಲೆಬರಹ ನೋಡಿ ದಾವೆ ಹೂಡಿದವರು ಎಡವುವುದು ಇಲ್ಲೇ.

ರಾಂಪುರದ ಹಳೆಯ ಪ್ರಕರಣ

ಈ ತರ್ಕದ ಬೇರು ಉತ್ತರ ಪ್ರದೇಶದ ರಾಂಪುರದಲ್ಲಿದೆ. ಎ.ಐ.ಆರ್. 1960 ಅಲಹಾಬಾದ್ 684 ಎಂದು ವಕೀಲರು ಉಲ್ಲೇಖಿಸುವ ಅಲಹಾಬಾದ್ ಹೈಕೋರ್ಟಿನ ತೀರ್ಪು ಅದು, ಬರೆದವರು ನ್ಯಾಯಮೂರ್ತಿ ಎಸ್.ಎಸ್. ಧವನ್. ಅಲ್ಲಿ ಕೋರ್ಟಿಗೆ ಬಂದವನು ಗಂಡ. ಸುಮಾರು 1950ರಲ್ಲಿ ಮದುವೆ, ಕೆಲಕಾಲದ ಸಂಸಾರ, ಹೆಂಡತಿ ತವರಿಗೆ ಹೋದಳು. ಅವಳನ್ನು ಕರೆತರುವ ಗೋಜಿಗೆ ಹೋಗದೆ ಗಂಡ ಇನ್ನೊಂದು ಮದುವೆಯಾದ. ಅವಳು ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 488ನೇ ಕಲಮಿನಡಿ ಜೀವನಾಂಶ ಕೇಳಿದ ಮೇಲೆ ಅವನಿಗೆ ಹೆಂಡತಿಯ ನೆನಪಾಯಿತು. ದಾಂಪತ್ಯ ಹಕ್ಕುಗಳ ಪುನರ್‌ಸ್ಥಾಪನೆಗೆ ದಾವೆ ಹೂಡಿ, ಮಗಳನ್ನು ಕಳಿಸುತ್ತಿಲ್ಲವೆಂದು ಅವಳ ತಂದೆಯನ್ನೂ ಇಬ್ಬರು ಸಹೋದರರನ್ನೂ ಪ್ರತಿವಾದಿಗಳನ್ನಾಗಿ ಮಾಡಿದ.

ಮುನ್ಸಿಫ್ ಕೋರ್ಟು ಗಂಡನ ಪರ ಡಿಕ್ರಿ ಕೊಟ್ಟಿತು: ಹಿಂಸೆ ರುಜುವಾತಾಗಿಲ್ಲ, ಎರಡನೇ ಮದುವೆಯೊಂದರಿಂದಲೇ ಅನ್ಯಾಯವಾಯಿತೆಂದು ಊಹಿಸಲಾಗದು. ಜಿಲ್ಲಾ ನ್ಯಾಯಾಧೀಶರು ಅದನ್ನು ತಿರುಗಿಸಿದರು, ಇದು ಜೀವನಾಂಶದ ಅರ್ಜಿಗೆ ಹೂಡಿದ ಪ್ರತಿತಂತ್ರವೆಂದರು. ಹೈಕೋರ್ಟಿನಲ್ಲಿಯೂ ಗಂಡ ಸೋತ. ಧವನ್ ಅವರ ಮಾತಿನ ತಿರುಳು ಹೀಗೆ: ಮುಸ್ಲಿಂ ಕಾನೂನು ಬಹುಪತ್ನಿತ್ವವನ್ನು ಸಹಿಸಿದೆ, ಪ್ರೋತ್ಸಾಹಿಸಿಲ್ಲ. ಎಲ್ಲ ಸಂದರ್ಭದಲ್ಲೂ ಮೊದಲ ಹೆಂಡತಿ ಸವತಿಯ ಜೊತೆ ಬಾಳಲೇಬೇಕೆಂದು ಬಲವಂತ ಮಾಡುವ ಹಕ್ಕನ್ನು ಗಂಡನಿಗೆ ಕೊಟ್ಟಿಲ್ಲ. ಮನೆಗೆ ಇನ್ನೊಬ್ಬಳು ಬಂದರೆ ಇಂದಿನ ಸಮಾಜದಲ್ಲಿ ಮೊದಲನೆಯವಳಿಗೆ ಅದು ಚುಚ್ಚುವ ಅವಮಾನ. ಜನ ಕೇಳುವ ಪ್ರಶ್ನೆ, ಏರಿಸುವ ಹುಬ್ಬು, ತೋರಿಸುವ ಬೆರಳು ಎಲ್ಲವೂ ಅವಳ ಕಡೆಗೇ.

ಆಮೇಲೆ ಬರುವುದು ಕಾನೂನಿನ ನಿಜವಾದ ಹೆಜ್ಜೆ. ಎರಡನೇ ಮದುವೆ ಮಾಡಿಕೊಂಡವನೇ ಅದಕ್ಕೆ ಕಾರಣ ಕೊಡಬೇಕು, ಅದರಲ್ಲಿ ಕ್ರೌರ್ಯವಿರಲಿಲ್ಲವೆಂದು ತೋರಿಸಬೇಕು. ಮೊದಲ ಹೆಂಡತಿಯೇ ಸೂಚಿಸಿದ್ದಳು ಎಂಬಂಥ ಸಂಗತಿಯನ್ನು ಅವನು ರುಜುವಾತು ಮಾಡಬಹುದು. ಒಪ್ಪುವಂಥ ವಿವರಣೆ ಇಲ್ಲದಿದ್ದರೆ ಕೋರ್ಟು ಕ್ರೌರ್ಯವಿತ್ತೆಂದೇ ಭಾವಿಸುತ್ತದೆ. ರುಜುವಾತಿನ ಹೊಣೆ ಹೆಣ್ಣಿನ ಹೆಗಲಿನಿಂದ ಗಂಡಿನ ಹೆಗಲಿಗೆ ದಾಟಿತು.

ಒಂದು ವ್ಯತ್ಯಾಸ ಮರೆಯಬಾರದು. ರಾಂಪುರದಲ್ಲಿ ಕ್ರೌರ್ಯ ಗುರಾಣಿಯಾಗಿತ್ತು, ಗಂಡನ ಜೊತೆ ಬಾಳಲು ನಿರಾಕರಿಸುವುದಕ್ಕೆ. ಕಲಬುರಗಿಯಲ್ಲಿ ಅದೇ ಮದುವೆಯನ್ನು ಮುಗಿಸುವ ಆಯುಧವಾಯಿತು. ಬಾಳುವಂತೆ ಬಲವಂತ ಮಾಡಲಾಗದು ಎನ್ನುವುದಕ್ಕಿಂತ ಬಂಧವನ್ನೇ ಕಡಿಯುವುದು ದೊಡ್ಡ ಪರಿಹಾರ. ಆದರೆ 1939ರ ಕಾಯ್ದೆಯ ಎ ಉಪವಿಧಿಯ ಮಾತುಗಳು ಎದುರಿಗಿರುವಾಗ ಆ ಅಂತರವನ್ನು ದಾಟುವುದು ಕಷ್ಟವಲ್ಲ. ಕಲಬುರಗಿಯ ಗಂಡನ ಬಳಿ ಇದ್ದ ವಿವರಣೆ ಹೆತ್ತವರ ಒತ್ತಡ. ಅದು ಅವನು ಯಾಕೆ ಹಾಗೆ ಮಾಡಿದ ಎಂದು ಹೇಳುತ್ತದೆಯೇ ಹೊರತು, ಹೆಂಡತಿಗೆ ನೋವಾಗಲಿಲ್ಲ ಎಂದು ಹೇಳುವುದಿಲ್ಲ.

ಎ ಹಿಡಿಯಬೇಕೋ, ಎಫ್ ಹಿಡಿಯಬೇಕೋ

ಇಬ್ಬರು ಹೆಂಡಿರ ಸಂಗತಿ ಬಂದ ತಕ್ಷಣ ಎಲ್ಲರ ಕೈ ಹೋಗುವುದು ಎಫ್ ಉಪವಿಧಿಯ ಕಡೆಗೆ. ಅದರ ತೊಡಕೆಂದರೆ ಅದು ತುಲನೆ ಕೇಳುತ್ತದೆ. ಅವಳಿಗೆ ಎಷ್ಟು ಕೊಟ್ಟ, ಇವಳಿಗೆ ಎಷ್ಟು ಕೊಟ್ಟ. ಅಲ್ಲಿ ಎಷ್ಟು ರಾತ್ರಿ, ಇಲ್ಲಿ ಎಷ್ಟು ರಾತ್ರಿ. ಎರಡನೆಯವಳು ಬರುವ ಮೊದಲೇ ತವರು ಸೇರಿದ ಹೆಣ್ಣಿಗೆ ಆ ಮನೆಯೊಳಗಿನ ಲೆಕ್ಕ ಗೊತ್ತಿರುವುದಿಲ್ಲ. ಪಾಟೀಸವಾಲಿನಲ್ಲಿ ‘ನೀವು ನೋಡಿದ್ದೀರಾ?’ ಎಂಬ ಒಂದೇ ಪ್ರಶ್ನೆಗೆ ಸಾಕ್ಷ್ಯ ಕುಸಿಯುತ್ತದೆ.

ಎಫ್ ಗೆಲ್ಲುವ ಸಂದರ್ಭವೂ ಇದೆ. 2021ರ ಡಿಸೆಂಬರ್‌ನಲ್ಲಿ ಕೇರಳ ಹೈಕೋರ್ಟ್ ತೀರ್ಮಾನಿಸಿದ ಪ್ರಕರಣದಲ್ಲಿ ಮದುವೆ 1991ರದ್ದು. ಗಂಡ ಎರಡನೇ ಮದುವೆಯ ಬಳಿಕ 2014ರಿಂದ ಮೊದಲನೆಯವಳ ಬಳಿ ಸುಳಿಯಲೇ ಇಲ್ಲ. 2019ರಲ್ಲಿ ಅವಳು ಅರ್ಜಿ ಹಾಕಿದಾಗ, ಹಣ ಕಳಿಸುತ್ತಿದ್ದೇನಲ್ಲ ಎಂದ. ನ್ಯಾಯಮೂರ್ತಿಗಳಾದ ಎ. ಮುಹಮ್ಮದ್ ಮುಸ್ತಾಕ್ ಮತ್ತು ಸೋಫಿ ಥಾಮಸ್ ಅವರ ಪೀಠ, ಐದು ವರ್ಷ ದೂರ ಉಳಿದದ್ದೇ ಅಸಮಾನತೆಗೆ ಸಾಕ್ಷಿ ಎಂದಿತು. ಕುರಾನಿನ 4ನೇ ಅಧ್ಯಾಯದ 3ನೇ ವಚನ, ನ್ಯಾಯ ಸಲ್ಲಿಸಲಾರೆವೆಂಬ ಭಯವಿದ್ದರೆ ಒಬ್ಬಳೇ ಸಾಕೆನ್ನುತ್ತದೆ. ಅದೇ ಅಧ್ಯಾಯದ 129ನೇ ವಚನ, ಒಬ್ಬಳ ಕಡೆಗೇ ಪೂರ್ತಿ ವಾಲಿ ಇನ್ನೊಬ್ಬಳನ್ನು ತೂಗುಬಿಡಬೇಡಿ ಎನ್ನುತ್ತದೆ. ಎಫ್ ಉಪವಿಧಿಯ ‘ಕುರಾನಿನ ಆದೇಶ’ಕ್ಕೆ ಅಳತೆ ಈ ವಚನಗಳು.

ಹಾಗಾಗಿ ಎ ಉಪವಿಧಿಯ ಎರಡನೇ ಭಾಗವನ್ನು ಮುಂದಿಟ್ಟು, ಅಂಕಿ-ಸಂಖ್ಯೆ ಕೈಯಲ್ಲಿದ್ದರೆ ಎಫ್ ಅನ್ನು ಪರ್ಯಾಯವಾಗಿ ಜೋಡಿಸುವುದು ಕ್ಷೇಮ. ಎರಡು ವರ್ಷ ಜೀವನಾಂಶ ಸಿಕ್ಕಿಲ್ಲದಿದ್ದರೆ ಆ ಕಾರಣವನ್ನೂ ಅದೇ ದಾವೆಯಲ್ಲಿ ಸೇರಿಸಬೇಕು. ಒಂಬತ್ತರಲ್ಲಿ ಒಂದು ರುಜುವಾತಾದರೂ ಡಿಕ್ರಿ ಸಿಗುತ್ತದೆ.

ಗಂಡ ಎರಡನೇ ಮದುವೆಯನ್ನೇ ಅಲ್ಲಗಳೆದರೆ

‘ಅವಳು ನನ್ನ ಸಂಬಂಧಿ, ಮನೆಕೆಲಸಕ್ಕೆ ಬರುತ್ತಾಳೆ’ ಎಂಬ ಜವಾಬು ಬಂದಾಗ ಬೇಕಾಗುವುದು ಕಾಗದ. ನಿಕಾಹ್‌ನಾಮೆ (ಮದುವೆಯ ಕರಾರು ಪತ್ರ) ಸಾಮಾನ್ಯವಾಗಿ ಗಂಡನ ಕಡೆಯವರ ಬಳಿಯೇ ಇರುತ್ತದೆ. ಆಗ ನಿಕಾಹ್ ನಡೆದ ಮಸೀದಿಯ ಜಮಾಅತ್‌ನ ರಿಜಿಸ್ಟರನ್ನು ಕೋರ್ಟಿನ ಸಮನ್ಸ್ ಮೂಲಕ ತರಿಸಬಹುದು, ಓದಿಸಿದ ಖಾಜಿಯನ್ನು ಸಾಕ್ಷಿಯಾಗಿ ಕರೆಸಬಹುದು. ಎರಡನೇ ಸಂಬಂಧದ ಮಗುವಿನ ಜನನ ಪ್ರಮಾಣಪತ್ರದಲ್ಲಿ ತಂದೆಯ ಕಾಲಂ, ಪಡಿತರ ಚೀಟಿಯಲ್ಲಿ ಸೇರಿದ ಹೆಸರು, ಆಸ್ಪತ್ರೆಯ ಹೆರಿಗೆ ದಾಖಲೆ ಇವು ಬಹಳ ಸಲ ನಿಕಾಹ್‌ನಾಮೆಗಿಂತ ಗಟ್ಟಿಯಾಗಿ ಮಾತಾಡುತ್ತವೆ.

ವಾಟ್ಸ್‌ಆ್ಯಪ್ ಸಂದೇಶ, ಫೋಟೊ, ಧ್ವನಿಮುದ್ರಿಕೆಗಳ ವಿಷಯದಲ್ಲಿ ತಪ್ಪುವವರೇ ಹೆಚ್ಚು. ಸ್ಕ್ರೀನ್‌ಶಾಟ್ ಮುದ್ರಿಸಿ ಕಡತಕ್ಕೆ ಸೇರಿಸಿದರೆ ಸಾಲದು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಜೊತೆಗಿರಬೇಕು. ಅದರಲ್ಲಿ ಎರಡು ಭಾಗ: ಒಂದನ್ನು ದಾಖಲೆ ಹಾಜರುಪಡಿಸುವವರು, ಇನ್ನೊಂದನ್ನು ತಜ್ಞರು ತುಂಬುತ್ತಾರೆ. ಹಳೆಯ ಫೋನನ್ನು ಅಂಗಡಿಗೆ ಕೊಟ್ಟು ಹೊಸದು ತಂದವರು ಇಲ್ಲಿ ಸಿಕ್ಕಿಬೀಳುತ್ತಾರೆ, ಮೂಲ ಸಾಧನವನ್ನು ವ್ಯಾಜ್ಯ ಮುಗಿಯುವವರೆಗೆ ಕಾಪಾಡಿಕೊಳ್ಳಬೇಕು. ಗಂಡ-ಹೆಂಡಿರ ನಡುವಿನ ಮಾತನ್ನು ಗುಟ್ಟಾಗಿ ಮುದ್ರಿಸಿಕೊಂಡದ್ದು ಸಾಕ್ಷ್ಯವಾಗದು ಎಂಬ ಆಕ್ಷೇಪಣೆ ಮೊದಲು ಬಲವಾಗಿತ್ತು. ದಂಪತಿಗಳ ನಡುವಿನ ವ್ಯಾಜ್ಯದಲ್ಲಿ ಅಂಥ ಮುದ್ರಿಕೆಯನ್ನು ಪರಿಗಣಿಸಬಹುದೆಂದು ಸುಪ್ರೀಂ ಕೋರ್ಟ್ 2025ರ ಜುಲೈನಲ್ಲಿ ಹೇಳಿದೆ.

ಹೊಡೆತದ ಆಪಾದನೆಯಲ್ಲಿ ‘ದಿನಾ ಹಿಂಸೆ ಕೊಡುತ್ತಿದ್ದರು’ ಎಂಬ ವಾಕ್ಯಕ್ಕೆ ಬೆಲೆಯಿಲ್ಲ. ಯಾವ ತಿಂಗಳು, ಯಾವ ಮನೆ, ಎದುರಿಗೆ ಯಾರಿದ್ದರು, ಆಮೇಲೆ ಅವಳು ಎಲ್ಲಿಗೆ ಹೋದಳು: ಈ ನಾಲ್ಕು ವಿವರವಿರುವ ಮೂರು ಘಟನೆಗಳು, ವಿವರವಿಲ್ಲದ ಮೂವತ್ತಕ್ಕಿಂತ ಮೇಲು. ರುಜುವಾತಿನ ಮಟ್ಟ ಸಿವಿಲ್ ಪ್ರಕರಣದ್ದು, ಎಂದರೆ ಯಾವುದು ಹೆಚ್ಚು ಸಂಭವನೀಯ ಎಂಬುದು. ಹಾಗಾಗಿ ವರದಕ್ಷಿಣೆ ಅಥವಾ ಹಿಂಸೆಯ ಕ್ರಿಮಿನಲ್ ಪ್ರಕರಣದಲ್ಲಿ ಗಂಡ ಖುಲಾಸೆಯಾದರೂ ವಿಚ್ಛೇದನದ ದಾವೆ ಅದರಿಂದಲೇ ಬೀಳುವುದಿಲ್ಲ.

ಊರಿನ ಹಿರಿಯರ ಪಂಚಾಯಿತಿಯ ಬಗ್ಗೆ ಒಂದು ಮಾತು. ‘ಇನ್ನು ಮುಂದೆ ಸರಿಯಾಗಿ ನೋಡಿಕೊಳ್ಳುತ್ತೇನೆ’ ಎಂದು ಗಂಡ ಸಹಿ ಹಾಕಿದ ಮುಚ್ಚಳಿಕೆಯನ್ನು ಹೆಂಡತಿಯ ಕಡೆಯವರು ಸೋಲಿನ ಕಾಗದವೆಂದು ಮಡಿಚಿಡುತ್ತಾರೆ. ಕೋರ್ಟಿನಲ್ಲಿ ಅದು ಹಿಂದಿನ ನಡತೆಯನ್ನು ಅವನೇ ಒಪ್ಪಿಕೊಂಡ ದಾಖಲೆಯಾಗಬಹುದು. ಅಪಾಯವೂ ಇದೆ: ಅದಾದ ಮೇಲೆ ಅವಳು ಮರಳಿ ಬಾಳಿದ್ದರೆ ಹಿಂದಿನದನ್ನು ಮನ್ನಿಸಿದ್ದಾಳೆ ಎಂಬ ವಾದ ಬರುತ್ತದೆ. ಆಗ ಮರಳಿದ ನಂತರದ ಘಟನೆಗಳೇ ದಾವೆಯ ಬೆನ್ನೆಲುಬು.

ಜೀವನಾಂಶ, ಖುಲಾ, ಮಹರ್

ವಿಚ್ಛೇದನ ಬೇಡ, ಆದರೆ ಸವತಿಯ ಜೊತೆ ಇರಲಾರೆ ಎನ್ನುವವರಿಗೆ ಬೇರೆ ದಾರಿಯಿದೆ. ಗಂಡ ಇನ್ನೊಂದು ಮದುವೆಯಾಗಿದ್ದರೆ ಹೆಂಡತಿ ಪ್ರತ್ಯೇಕವಾಗಿದ್ದು ಜೀವನಾಂಶ ಕೇಳಲು ಅದು ನ್ಯಾಯವಾದ ಕಾರಣವೆಂದು ದಂಡ ಪ್ರಕ್ರಿಯಾ ಸಂಹಿತೆಯ 125ನೇ ಕಲಮು ಹೇಳುತ್ತಿತ್ತು, ಈಗ ಅದೇ ಮಾತು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಮಿನಲ್ಲಿದೆ. ಬಹುಪತ್ನಿತ್ವಕ್ಕೆ ಅವಕಾಶವಿರುವ ಮುಸ್ಲಿಂ ಗಂಡನಿಗೂ ಇದು ಅನ್ವಯವೆಂದು ಸುಪ್ರೀಂ ಕೋರ್ಟ್ 1987ರಲ್ಲೇ ಸ್ಪಷ್ಟಪಡಿಸಿದೆ.

ಬೇಗ ಮುಗಿಯಲಿ ಎಂದು ಖುಲಾಕ್ಕೆ (ಹೆಂಡತಿಯೇ ಕೇಳಿ ಪಡೆಯುವ ಬಿಡುಗಡೆ) ಒಪ್ಪಿಸುವ ಒತ್ತಡ ಹೆಣ್ಣಿನ ಮೇಲೆ ಎರಡೂ ಕಡೆಯಿಂದ ಬರುತ್ತದೆ. ಖುಲಾದಲ್ಲಿ ಬಿಡುಗಡೆಗೆ ಬದಲಾಗಿ ಅವಳು ಸಾಮಾನ್ಯವಾಗಿ ಮಹರ್, ಎಂದರೆ ಮದುವೆಯಲ್ಲಿ ಗಂಡ ಅವಳಿಗೆ ಕೊಡಲು ಒಪ್ಪಿದ ಹಣ ಅಥವಾ ಆಸ್ತಿಯನ್ನು, ಬಿಟ್ಟುಕೊಡುತ್ತಾಳೆ. ಕ್ರೌರ್ಯದ ಕಾರಣಕ್ಕೆ ಕೋರ್ಟಿನಿಂದ ಫಸ್ಖ್ ಪಡೆದರೆ ಹಾಗಲ್ಲ. ಮದುವೆ ವಿಸರ್ಜನೆಯಾದರೂ ಮಹರ್‌ನ ಹಕ್ಕಿಗೆ ಧಕ್ಕೆಯಿಲ್ಲವೆಂದು 1939ರ ಕಾಯ್ದೆಯ 5ನೇ ಕಲಮು ಹೇಳುತ್ತದೆ. ಮಹರ್ ಕೆಲವೇ ಸಾವಿರವಾಗಿದ್ದರೆ ಖುಲಾದ ವೇಗಕ್ಕೆ ಒಲಿಯುವುದರಲ್ಲಿ ತಪ್ಪಿಲ್ಲ. ಚಿನ್ನದಲ್ಲಿ ಬರೆಸಿದ ಮಹರ್ ಆಗಿದ್ದರೆ ತೂಕ ನೋಡಿ ನಿರ್ಧರಿಸಬೇಕು.

ಡಿಕ್ರಿ ಬಂದ ಮೇಲೆ

ಕೌಟುಂಬಿಕ ನ್ಯಾಯಾಲಯದ ತೀರ್ಪಿನ ಮೇಲೆ ಹೈಕೋರ್ಟಿಗೆ ಹೋಗಲು 30 ದಿನ. ಮೇಲ್ಮನವಿಯನ್ನು ಕಲಬುರಗಿಯಲ್ಲಾದಂತೆ ಇಬ್ಬರು ನ್ಯಾಯಮೂರ್ತಿಗಳ ಪೀಠ ಕೇಳುತ್ತದೆ. ಡಿಕ್ರಿಯಾದಾಗಿನಿಂದ ಇದ್ದತ್ (ಮರುಮದುವೆಗೆ ಮುಂಚೆ ಕಾಯಬೇಕಾದ ಅವಧಿ) ಎಣಿಕೆ: ಮುಟ್ಟಾಗುವವರಿಗೆ ಮೂರು ಋತುಚಕ್ರ, ಇಲ್ಲದವರಿಗೆ ಮೂರು ಚಾಂದ್ರಮಾಸ, ಗರ್ಭಿಣಿಗೆ ಹೆರಿಗೆಯವರೆಗೆ. ಇದ್ದತ್ ಮುಗಿದರೂ ಮೇಲ್ಮನವಿ ಬಾಕಿಯಿದ್ದರೆ ಮರುಮದುವೆಗೆ ಅವಸರ ಮಾಡದಿರುವುದು ಜಾಣತನ.

ಗಂಡನೇ ತಲಾಖ್ ಕೊಟ್ಟರೆ ಮಾತ್ರ ಪರಿಹಾರ, ಹೆಣ್ಣೇ ಕೋರ್ಟಿಗೆ ಹೋಗಿ ಪಡೆದರೆ ಏನೂ ಇಲ್ಲ ಎಂಬ ನಂಬಿಕೆ ಊರೂರಲ್ಲಿದೆ. ವಿಚ್ಛೇದಿತ ಮುಸ್ಲಿಂ ಮಹಿಳೆಯರ ಹಕ್ಕುಗಳ ರಕ್ಷಣೆಗೆ ಬಂದ 1986ರ ಕಾಯ್ದೆ ‘ವಿಚ್ಛೇದಿತೆ’ ಎನ್ನುವಾಗ ಮುಸ್ಲಿಂ ಕಾನೂನಿನಂತೆ ತಾನೇ ವಿಚ್ಛೇದನ ಪಡೆದವಳನ್ನೂ ಸೇರಿಸಿದೆ. ಇದ್ದತ್ ಅವಧಿಯೊಳಗೆ ಅವಳ ಮುಂದಿನ ಬದುಕಿಗೂ ಸಾಲುವಷ್ಟು ನ್ಯಾಯೋಚಿತ ಏರ್ಪಾಡನ್ನು ಗಂಡ ಮಾಡಬೇಕೆಂದು ಸುಪ್ರೀಂ ಕೋರ್ಟ್ 2001ರಲ್ಲಿ ಅದನ್ನು ಅರ್ಥೈಸಿತು. ವಿಚ್ಛೇದಿತ ಮುಸ್ಲಿಂ ಮಹಿಳೆ 125ನೇ ಕಲಮಿನಡಿಯೂ ಜೀವನಾಂಶ ಕೇಳಬಹುದೆಂದು 2024ರ ಜುಲೈನಲ್ಲಿ ಮತ್ತೆ ಹೇಳಿತು. ಮದುವೆಗೆ ಮೊದಲು, ಮದುವೆಯಲ್ಲಿ ಮತ್ತು ಆಮೇಲೆ ಅವಳಿಗೆ ಬಂದ ವಸ್ತುಗಳೂ 1986ರ ಕಾಯ್ದೆಯ 3ನೇ ಕಲಮಿನಂತೆ ಅವಳವೇ. ಅವುಗಳ ಪಟ್ಟಿಯನ್ನು, ಸಾಧ್ಯವಾದರೆ ಮದುವೆಯ ಫೋಟೊಗಳ ಜೊತೆ, ವಿಚ್ಛೇದನದ ದಾವೆ ಹೂಡುವ ದಿನವೇ ತಯಾರಿಸಿಟ್ಟುಕೊಳ್ಳಬೇಕು, ಏಕೆಂದರೆ ವರ್ಷಗಳ ನಂತರ ಡಿಕ್ರಿ ಕೈಗೆ ಬರುವ ಹೊತ್ತಿಗೆ ಯಾವ ಬಳೆ ಎಷ್ಟು ಗ್ರಾಂ ಎಂಬುದು ಯಾರಿಗೂ ನೆನಪಿರುವುದಿಲ್ಲ.